ಗಲಾಟೆ ಮುಗಿದ ಮೇಲೂ ಉಳಿಯುವ ಕ್ಯಾಮೆರಾ: ದುಡಿಯುವವರ ಬದುಕನ್ನು ಸಾಕ್ಷ್ಯಚಿತ್ರ ಹೇಗೆ ನೋಡಬೇಕು?

'ಮಾದನಾಯಕನಹಳ್ಳಿ ಪೊಲೀಸ್ ಠಾಣೆ ವ್ಯಾಪ್ತಿಯಲ್ಲಿ...' ಅಂತ ಶುರುವಾಗುವ ಸುದ್ದಿ ನೀವು ಓದಿರ್ತೀರಿ. ಬೆಂಗಳೂರಿನ ಬಹುಪಾಲು ಜನರಿಗೆ ಈ ಊರು ಗೊತ್ತಿರುವುದೇ ಆ ಒಂದು ಸಾಲಿನಿಂದ. ಅಪಘಾತ, ಕಳ್ಳತನ, ಗೋದಾಮಿಗೆ ಬೆಂಕಿ. ಉಳಿದಂತೆ ಇದು ತುಮಕೂರು ರಸ್ತೆಯಲ್ಲಿ ಬಸ್ಸಿನ ಕಿಟಕಿಯಾಚೆ ಸರಿದುಹೋಗುವ ಊರು. 2024ರ ನವೆಂಬರಿನಲ್ಲಿ ಮೆಟ್ರೊದ ಹಸಿರು ಮಾರ್ಗ ಪಕ್ಕದ ಮಾದಾವರದವರೆಗೂ ಬಂತು. ಆಗಲೂ ಸುದ್ದಿಯಾಗಿದ್ದು ರೈಲು ಮತ್ತು ವಸ್ತುಪ್ರದರ್ಶನ ಕೇಂದ್ರ. ಬೆಳಗಿನ ಶಿಫ್ಟಿಗೆ ಟಿಫನ್ ಬಾಕ್ಸ್ ಹಿಡಿದು ಸರ್ವೀಸ್ ರಸ್ತೆಯಲ್ಲಿ ಕಂಪನಿ ಬಸ್ಸಿಗೆ ಕಾಯುವವರು ಸುದ್ದಿಯಾಗುವುದಿಲ್ಲ. ದಿನಾ ನಡೆಯುವುದು ಸುದ್ದಿ ಅಲ್ಲ ಅನ್ನೋದು ಪತ್ರಿಕೋದ್ಯಮದ ಹಳೇ ನಿಯಮ.

ಹಾಗಾದರೆ ದಿನಾ ನಡೆಯುವುದನ್ನು ನೋಡುವವರು ಯಾರು? ಈ ಪ್ರಶ್ನೆಗೆ ಸಿನಿಮಾ ಜಗತ್ತು ಕೊಟ್ಟ ಒಂದು ಉತ್ತರ ಅವಲೋಕನದ ಸಾಕ್ಷ್ಯಚಿತ್ರ. ಫೋನಿನಲ್ಲೇ ಸಿನಿಮಾ ತೆಗೆಯಬಹುದಾದ ಈ ಕಾಲದಲ್ಲಿ ಹೊಸ ತಲೆಮಾರಿನ ಎಷ್ಟೋ ಹುಡುಗ ಹುಡುಗಿಯರು ಈ ದಾರಿ ಹಿಡಿಯುತ್ತಿದ್ದಾರೆ. 'ನಾನು ಸುಮ್ಮನೆ ನೋಡ್ತೀನಿ, ಅವರ ಕಥೆ ಅವರೇ ಹೇಳಲಿ' ಎನ್ನುವುದು ಅವರ ಮಾತು. ಕೇಳಲು ಚೆನ್ನಾಗಿದೆ. ಆದರೆ 'ಸುಮ್ಮನೆ ನೋಡುವುದು' ಅಂದರೇನು? ಅದರಲ್ಲಿ ಸಹಾನುಭೂತಿ ಎಲ್ಲಿರುತ್ತೆ, ಅಧಿಕಾರ ಎಲ್ಲಿರುತ್ತೆ? ಇದನ್ನು ಸ್ವಲ್ಪ ಬಿಡಿಸಿ ನೋಡೋಣ.

2016ರ ಏಪ್ರಿಲ್: ಎರಡು ದಿನದ ಕ್ಯಾಮೆರಾ

ಮೊದಲು ಒಂದು ಘಟನೆ ನೆನಪಿಸಿಕೊಳ್ಳೋಣ. 2016ರ ಏಪ್ರಿಲ್ 18 ಮತ್ತು 19. ಬೆಂಗಳೂರಿನ ಗಾರ್ಮೆಂಟ್ಸ್ ಕಾರ್ಮಿಕರು, ಅವರಲ್ಲಿ ಹೆಚ್ಚಿನವರು ಹೆಣ್ಣುಮಕ್ಕಳು, ಕೆಲಸ ಬಿಟ್ಟು ರಸ್ತೆಗಿಳಿದರು. ಹೊಸೂರು ರಸ್ತೆಯಲ್ಲಿ ಶುರುವಾದದ್ದು ಮರುದಿನ ತುಮಕೂರು ರಸ್ತೆಯ ಪೀಣ್ಯ, ಜಾಲಹಳ್ಳಿ ಕ್ರಾಸ್ ಕಡೆಗೂ ಹಬ್ಬಿತು. ಟಿವಿಯಲ್ಲಿ ನಾವು ನೋಡಿದ್ದು ಏನು? ಉರಿಯುವ ಬಸ್ಸು, ಕಲ್ಲು, ಲಾಠಿ, ಟ್ರಾಫಿಕ್ ಜಾಮ್. 'ಬೆಂಗಳೂರು ಉದ್ವಿಗ್ನ' ಎನ್ನುವ ಪಟ್ಟಿ.

ಕಾರಣ ಒಂದು ಪಿಎಫ್ ನಿಯಮ. ಅದೇ ವರ್ಷ ಫೆಬ್ರವರಿ 10ರಂದು ಕೇಂದ್ರ ಸರ್ಕಾರ ಒಂದು ಅಧಿಸೂಚನೆ ಹೊರಡಿಸಿತ್ತು. ಅದರ ಪ್ರಕಾರ ಕೆಲಸ ಬಿಟ್ಟವರು ತಮ್ಮ ಪಾಲಿನ ಹಣ ಮತ್ತು ಅದರ ಬಡ್ಡಿಯನ್ನು ಮಾತ್ರ ತೆಗೆಯಬಹುದು. ಮಾಲೀಕರು ಕಟ್ಟಿದ ಪಾಲಿಗೆ 58 ವರ್ಷ ತುಂಬುವವರೆಗೆ ಕಾಯಬೇಕು. ಆಫೀಸಿನಲ್ಲಿ ಕೂತು ನೋಡಿದರೆ ಇದು 'ನಿವೃತ್ತಿ ಭದ್ರತೆ'. ಆದರೆ ಹೊಲಿಗೆ ಲೈನಿನಲ್ಲಿ ಕೂತವರಿಗೆ 58 ಅನ್ನೋದೇ ಒಂದು ತಮಾಷೆ. ಬೆನ್ನು, ಕಣ್ಣು ಅಷ್ಟು ವರ್ಷ ಬಾಳಿಕೆ ಬರೋದಿಲ್ಲ. ಎಷ್ಟೋ ಜನ ಅದಕ್ಕಿಂತ ಬಹಳ ಮೊದಲೇ ಕೆಲಸ ಬಿಡುತ್ತಾರೆ. ಕೈ ಸಾಲ ತೀರಿಸಲು, ಮಗಳ ಕಾಲೇಜು ಫೀಸಿಗೆ, ಊರಲ್ಲಿ ಮನೆ ರಿಪೇರಿಗೆ ಒಟ್ಟಿಗೆ ಕೈಗೆ ಸಿಗುವ ದೊಡ್ಡ ಮೊತ್ತ ಅಂದರೆ ಅದೊಂದೇ. ದೊಡ್ಡ ಯೂನಿಯನ್ನುಗಳ ಕರೆಗೆ ಕಾಯದೆ ಅವರು ಬೀದಿಗೆ ಬಂದರು. ಏಪ್ರಿಲ್ 19ರ ಸಂಜೆಯೊಳಗೆ ಸರ್ಕಾರ ಅಧಿಸೂಚನೆ ವಾಪಸ್ ಪಡೆಯಿತು. ಇಡೀ ದೇಶದ ಪಿಎಫ್ ಚಂದಾದಾರರಿಗೆ ಅದರಿಂದ ಲಾಭವಾಯಿತು.

ಎರಡು ದಿನದ ನಂತರ ಕ್ಯಾಮೆರಾಗಳು ಹೊರಟುಹೋದವು. ಪಿಎಫ್ ಹಣ ಒಂದು ಮನೆಯಲ್ಲಿ ಏನೇನು ಕೆಲಸ ಮಾಡುತ್ತೆ ಅನ್ನೋದು ಎರಡು ನಿಮಿಷದ ಬೈಟಿನಲ್ಲಿ ಸಿಗುವ ಮಾಹಿತಿಯಲ್ಲ. ಸಂಬಳದ ದಿನ ಆ ಮನೆಯಲ್ಲಿ ಕೂತಿರಬೇಕು. ಚೀಟಿ ಕಟ್ಟುವಾಗ, ಬಾಡಿಗೆ ಕೊಡುವಾಗ, ಊರಿಗೆ ದುಡ್ಡು ಹಾಕುವಾಗ ಇರಬೇಕು. ಆಗ ಬೀದಿಗಿಳಿದ ಸಿಟ್ಟಿಗೆ ಒಂದು ಲೆಕ್ಕಾಚಾರ ಇತ್ತು ಅನ್ನೋದು ಗೊತ್ತಾಗುತ್ತೆ. ಅವಲೋಕನದ ಸಿನಿಮಾ ಬೇಕಾಗುವುದು ಇಲ್ಲಿ.

ಏನಿದು ಅವಲೋಕನದ ಶೈಲಿ?

ನಮ್ಮ ಅಪ್ಪ ಅಮ್ಮನ ಕಾಲದವರಿಗೆ ಡಾಕ್ಯುಮೆಂಟರಿ ಅಂದ್ರೆ ಫಿಲ್ಮ್ಸ್ ಡಿವಿಷನ್. 1948ರಲ್ಲಿ ಹುಟ್ಟಿದ ಈ ಸರ್ಕಾರಿ ಸಂಸ್ಥೆಯ ಕಿರುಚಿತ್ರಗಳನ್ನು ಥಿಯೇಟರುಗಳು ಸಿನಿಮಾಗೆ ಮೊದಲು ಕಡ್ಡಾಯವಾಗಿ ತೋರಿಸಬೇಕಿತ್ತು. ಅಲ್ಲೂ ಪ್ರಯೋಗ ಮಾಡಿದ ದೊಡ್ಡ ನಿರ್ದೇಶಕರಿದ್ದರು. ಆದರೆ ಸಾಮಾನ್ಯವಾಗಿ ಒಂದು ಗಡಸು ಧ್ವನಿ ಮೇಲಿನಿಂದ ಎಲ್ಲವನ್ನೂ ವಿವರಿಸುತ್ತಿತ್ತು. ಅಣೆಕಟ್ಟು, ರೈತ, ಕಾರ್ಖಾನೆ ಎಲ್ಲವೂ ಆ ಧ್ವನಿಗೆ ಚಿತ್ರಗಳು ಅಷ್ಟೇ. ತೆರೆಯ ಮೇಲಿದ್ದ ರೈತ ಬಾಯಿ ಬಿಡುತ್ತಿದ್ದದ್ದು ಕಡಿಮೆ.

1960ರ ಸುಮಾರಿಗೆ ಹೆಗಲ ಮೇಲೆ ಇಟ್ಟುಕೊಂಡು ಓಡಾಡಬಹುದಾದ ಕ್ಯಾಮೆರಾ ಮತ್ತು ಅದರ ಜೊತೆಗೇ ಶಬ್ದ ದಾಖಲಿಸುವ ಹಗುರ ಯಂತ್ರಗಳು ಬಂದವು. ಅಮೆರಿಕದಲ್ಲಿ ರಾಬರ್ಟ್ ಡ್ರೂ ಬಳಗ 1960ರಲ್ಲಿ 'ಪ್ರೈಮರಿ' ತೆಗೆಯಿತು. ಜಾನ್ ಕೆನೆಡಿ ಮತ್ತು ಹ್ಯೂಬರ್ಟ್ ಹಂಫ್ರಿಯ ಚುನಾವಣಾ ಪ್ರಚಾರದ ಹಿಂದೆಯೇ ನಡೆದ ಕ್ಯಾಮೆರಾ ಅದು. ಆಮೇಲೆ ಫ್ರೆಡರಿಕ್ ವೈಸ್‌ಮನ್ ಆಸ್ಪತ್ರೆ, ಶಾಲೆ, ಕಲ್ಯಾಣ ಕಚೇರಿಗಳ ಒಳಗೆ ಕೂತು ಸಿನಿಮಾ ಮಾಡಿದರು. ಅವುಗಳಲ್ಲಿ ನಿರೂಪಣೆ ಇಲ್ಲ, ಸಂದರ್ಶನ ಇಲ್ಲ, ಹಿನ್ನೆಲೆ ಸಂಗೀತವೂ ಇಲ್ಲ. ನೋಡುವವರು ತಾವೇ ಅರ್ಥ ಮಾಡಿಕೊಳ್ಳಬೇಕು.

ಸರಳವಾಗಿ ಹೇಳೋದಾದ್ರೆ ಈ ಶೈಲಿಗೆ ಮೂರು ಶಿಸ್ತು. ಒಂದು, ಕಾಯುವುದು. 'ಅಕ್ಕ, ಇನ್ನೊಂದ್ಸಲ ಹಾಗೇ ಬಾಗಿಲು ತೆಗೀರಿ' ಅಂತ ಕೇಳುವ ಹಾಗಿಲ್ಲ. ಎರಡು, ಪ್ರಶ್ನೆಗಿಂತ ಸನ್ನಿವೇಶಕ್ಕೆ ಹೆಚ್ಚು ಬೆಲೆ. 'ನಿಮಗೆ ಕಷ್ಟ ಆಗುತ್ತಾ?' ಅಂತ ಕೇಳಿದರೆ 'ಹೂಂ, ಆಗುತ್ತೆ' ಅನ್ನುವ ಉತ್ತರ ಬರುತ್ತೆ. ಓಟಿ ಮುಗಿಸಿ ಬಂದವಳು ಚಪ್ಪಲಿ ಬಿಟ್ಟು, ಟ್ಯಾಂಕರ್ ನೀರು ಬಂತಾ ಅಂತ ವಿಚಾರಿಸಿ, ನಿಂತಲ್ಲೇ ಒಲೆ ಹಚ್ಚುವ ಹತ್ತು ನಿಮಿಷ ತೋರಿಸಿದರೆ ಬೇರೆಯೇ ಉತ್ತರ ಸಿಗುತ್ತೆ. ಮೂರು, ಶಬ್ದ. ಯಂತ್ರದ ಸದ್ದು, ಮಧ್ಯೆ ಬರುವ ಫೋನು, ಪಕ್ಕದ ರೂಮಿನ ಟಿವಿ ಎಲ್ಲವೂ ಕಥೆಯ ಭಾಗವೇ.

ಈ ತಾಳ್ಮೆ ಎಲ್ಲಿಯವರೆಗೆ ಹೋಗಬಹುದು? ಚೀನಾದ ವಾಂಗ್ ಬಿಂಗ್ ಎನ್ನುವ ನಿರ್ದೇಶಕ ಝೀಲಿ ಎಂಬ ಊರಿನ ಸಣ್ಣ ಸಣ್ಣ ಗಾರ್ಮೆಂಟ್ ವರ್ಕ್‌ಶಾಪುಗಳಲ್ಲಿ 2014ರಿಂದ 2019ರವರೆಗೆ ಚಿತ್ರೀಕರಿಸಿದರು. ದೂರದ ಹಳ್ಳಿಗಳಿಂದ ಬಂದ, ಹೆಚ್ಚಾಗಿ ಇಪ್ಪತ್ತರ ಆಸುಪಾಸಿನ ಹುಡುಗ ಹುಡುಗಿಯರು ಹೊಲಿಯುತ್ತಾರೆ, ಚುಡಾಯಿಸುತ್ತಾರೆ, ಪ್ರೀತಿ ಮಾಡುತ್ತಾರೆ, ಪೀಸ್ ರೇಟಿಗಾಗಿ ಮಾಲೀಕನ ಜೊತೆ ಜಗಳ ಕಾಯುತ್ತಾರೆ. 2023ರಲ್ಲಿ ಬಂದ ಮೊದಲ ಭಾಗ 'ಯೂತ್ (ಸ್ಪ್ರಿಂಗ್)' ಒಂದೇ ಮೂರೂವರೆ ಗಂಟೆ ಇದೆ. ನೋಡುತ್ತಾ ಹೋದಂತೆ ಅವರು 'ಬಡ ಕಾರ್ಮಿಕರು' ಎನ್ನುವ ಗುಂಪಾಗಿ ಉಳಿಯೋದಿಲ್ಲ. ನಮ್ಮ ಕ್ಲಾಸಿನಲ್ಲಿ ಕೂತಿದ್ದವರ ಥರ ಕಾಣತೊಡಗುತ್ತಾರೆ. ಪೀಣ್ಯದಿಂದ ನೆಲಮಂಗಲದವರೆಗೆ ಬಾಡಿಗೆ ರೂಮುಗಳಲ್ಲಿರುವ ಉತ್ತರ ಕರ್ನಾಟಕದ, ಒಡಿಶಾದ, ಬಿಹಾರದ ಹುಡುಗರ ಬಗ್ಗೆ ಇಂಥದ್ದೊಂದು ಸಿನಿಮಾ ಊಹಿಸಿಕೊಳ್ಳಿ.

ಅಯ್ಯೋ ಪಾಪ ಅನ್ನೋದು ಸಹಾನುಭೂತಿ ಅಲ್ಲ

ಇಲ್ಲೊಂದು ಅಪಾಯವಿದೆ. ಹತ್ತಿರದಿಂದ ನೋಡಿದ ಮಾತ್ರಕ್ಕೆ ಸಹಾನುಭೂತಿ ಹುಟ್ಟೋದಿಲ್ಲ. ಬೆವರಿನ ಕ್ಲೋಸಪ್ಪು, ಬರಿಗಾಲು, ಮಂದ ಬೆಳಕು ಹಾಕಿ ಯಾರ ಬಡತನವನ್ನಾದರೂ ಸುಂದರವಾಗಿ ತೋರಿಸಬಹುದು. ಅಂಥ ಚಿತ್ರ ನೋಡಿ ನಾವು 'ಅಯ್ಯೋ ಪಾಪ' ಅಂತೀವಿ, ಎದ್ದು ಹೋಗ್ತೀವಿ.

ಆನಂದ್ ಪಟವರ್ಧನ್ ಅವರ 'ಹಮಾರಾ ಶಹರ್' (1985) ಮುಂಬೈಯ ಕೊಳೆಗೇರಿ ತೆರವಿನ ಬಗ್ಗೆ ಇರುವ ಚಿತ್ರ. ಅದರಲ್ಲಿ ಒಬ್ಬ ಹೆಂಗಸು ಕ್ಯಾಮೆರಾ ಹಿಡಿದು ಬಂದವರ ಮೇಲೇ ರೇಗುತ್ತಾಳೆ. ಬಡವರ ಫೋಟೊ ತೆಗೆದು ನೀವು ಹೆಸರು ಮಾಡ್ತೀರಿ, ನಮಗೇನು ಸಿಗುತ್ತೆ ಎನ್ನುವುದು ಅವಳ ಪ್ರಶ್ನೆ. ಪಟವರ್ಧನ್ ಆ ದೃಶ್ಯವನ್ನು ಕತ್ತರಿಸಲಿಲ್ಲ, ಸಿನಿಮಾದಲ್ಲೇ ಇಟ್ಟರು. ಆ ಪ್ರಶ್ನೆಗೆ ಚಿತ್ರದಲ್ಲಿ ಸಮಾಧಾನದ ಉತ್ತರವೂ ಇಲ್ಲ.

ಮೂವತ್ತು ವರ್ಷ ದಾಟಿದ ಮೇಲೆ ಅದೇ ಪ್ರಶ್ನೆ ಮತ್ತೆ ಬಂತು. ರಾಹುಲ್ ಜೈನ್ ಎಂಬ ಯುವಕನ ಮೊದಲ ಚಿತ್ರ 'ಮಷೀನ್ಸ್' (2016) ಗುಜರಾತಿನ ಒಂದು ಬಟ್ಟೆ ಕಾರ್ಖಾನೆಯ ಒಳಗೆ ನಡೆಯುತ್ತೆ. ಹನ್ನೆರಡು ಗಂಟೆಯ ಪಾಳಿ, ಬಣ್ಣದ ಹಬೆ, ಯಂತ್ರದ ಮುಂದೆ ನಿಂತಲ್ಲೇ ತೂಕಡಿಸುವ ಹುಡುಗ. ಬಹಳ ಹೊತ್ತು ಯಾರೂ ಮಾತಾಡುವುದಿಲ್ಲ. ಇನ್ನೊಂದೆಡೆ ಸಿಸಿ ಕ್ಯಾಮೆರಾದ ಪರದೆ ನೋಡುತ್ತಾ ಕೂತ ಮಾಲೀಕ, ಹೊಟ್ಟೆ ತುಂಬಿದರೆ ಇವರು ಕೆಲಸ ಮಾಡೋದಿಲ್ಲ ಎನ್ನುವ ಅರ್ಥದ ಮಾತಾಡುತ್ತಾನೆ. ಕೊನೆಗೆ ಕಾರ್ಮಿಕರ ಗುಂಪು ನಿರ್ದೇಶಕನನ್ನೇ ಸುತ್ತುವರಿದು ಕೇಳುತ್ತೆ: ನೀನೂ ಬಂದು ನೋಡಿ ಹೋಗುವವನೇ ಅಲ್ವಾ? ನಾವೇನು ಮಾಡಬೇಕು ಹೇಳು, ಮಾಡ್ತೀವಿ.

ಒಂದೇ ಚಿತ್ರದಲ್ಲಿ ಎರಡು ಅವಲೋಕನ ಇವೆ ಅನ್ನೋದು ಗಮನಿಸಿ. ಮಾಲೀಕನೂ ಪರದೆಯಲ್ಲಿ ಕಾರ್ಮಿಕರನ್ನು ನೋಡುತ್ತಿದ್ದಾನೆ, ನಿರ್ದೇಶಕನೂ ನೋಡುತ್ತಿದ್ದಾನೆ. ವ್ಯತ್ಯಾಸ ಏನು? ಸಿಸಿ ಕ್ಯಾಮೆರಾವನ್ನು ಯಾರೂ ತಿರುಗಿ ಪ್ರಶ್ನೆ ಕೇಳುವ ಹಾಗಿಲ್ಲ. ಸಿನಿಮಾ ಕ್ಯಾಮೆರಾವನ್ನು ಕೇಳಬಹುದು. ಕೇಳಲು ಬಿಟ್ಟು, ಆ ಮುಜುಗರವನ್ನು ಪ್ರೇಕ್ಷಕರ ಮುಂದೂ ಇಟ್ಟರೆ ಅಲ್ಲಿಂದ ಸಹಾನುಭೂತಿ ಶುರು.

ನಮ್ಮಲ್ಲೇ ಇದ್ದ ದಾರಿ: ನಿಪ್ಪಾಣಿಯಿಂದ ಬೆಂಗಳೂರಿಗೆ

ಇದಕ್ಕೆ ಹೊರಗಿನ ಉದಾಹರಣೆಗಳೇ ಬೇಕಿಲ್ಲ. 1980ರಲ್ಲಿ ಬೆಂಗಳೂರಿನ ದೀಪಾ ಧನರಾಜ್, ನವರೋಜ್ ಕಾಂಟ್ರಾಕ್ಟರ್, ಆಭಾ ಭಯ್ಯಾ ಮತ್ತು ಮೀರಾ ರಾವ್ ಸೇರಿ 'ಯುಗಾಂತರ್' ಎನ್ನುವ ಸ್ತ್ರೀವಾದಿ ಸಿನಿಮಾ ಬಳಗ ಕಟ್ಟಿದರು. ದೀಪಾ ಅವರಿಗೆ ಅದು ನಿರ್ದೇಶನದ ಆರಂಭದ ಕಾಲ. ಪುಣೆಯ ಮನೆಗೆಲಸದ ಹೆಂಗಸರ ಬಗ್ಗೆ 'ಮೋಲಕರೀಣ್' (1981) ಮಾಡಿದ ಬಳಗ, ಮುಂದೆ ಬೆಳಗಾವಿ ಜಿಲ್ಲೆಯ ನಿಪ್ಪಾಣಿಗೆ ಹೋಯಿತು. ಅಲ್ಲಿನ ತಂಬಾಕು ಕಾರ್ಖಾನೆಗಳಲ್ಲಿ ದೂಳು ಕುಡಿಯುತ್ತಾ ದುಡಿಯುತ್ತಿದ್ದ ಹೆಂಗಸರು ಸಂಘ ಕಟ್ಟಿ ಹೋರಾಟಕ್ಕೆ ಇಳಿದಿದ್ದರು. ಮರಾಠಿಯಲ್ಲಿರುವ 'ತಂಬಾಕು ಚಾಕಿಲಾ ಊಬ್ ಆಲಿ' (1982) ಹುಟ್ಟಿದ್ದು ಹಾಗೆ. ಅರ್ಧ ಗಂಟೆಯೂ ಇಲ್ಲದ ಚಿತ್ರ ಅದು.

ಅಷ್ಟು ಚಿಕ್ಕ ಚಿತ್ರಕ್ಕೆ ಬಳಗ ತಿಂಗಳುಗಟ್ಟಲೆ ಆ ಹೆಂಗಸರ ಜೊತೆ ಕಳೆಯಿತು. ಏನನ್ನು ತೋರಿಸಬೇಕು, ಏನನ್ನು ಹೇಳಬೇಕು ಎನ್ನುವ ಚರ್ಚೆಯಲ್ಲಿ ಅವರೂ ಪಾಲುದಾರರು. ಸಿದ್ಧಾಂತದ ಲೆಕ್ಕದಲ್ಲಿ ಇದು ವೈಸ್‌ಮನ್ ಥರದ ಶುದ್ಧ ಅವಲೋಕನ ಅಲ್ಲ, ಹೆಂಗಸರ ಮಾತೇ ಇಲ್ಲಿ ಚಿತ್ರವನ್ನು ನಡೆಸುತ್ತೆ. ಆದರೆ ಇವತ್ತಿನ ಹೊಸಬರು ಕಲಿಯಬೇಕಾದ್ದು ಇಲ್ಲಿದೆ. ಮೊದಲು ಇದ್ದು ಕೇಳಿಸಿಕೊಂಡರು, ಕ್ಯಾಮೆರಾ ಆಮೇಲೆ. ಚಿತ್ರ ಮುಗಿದ ಮೇಲೂ ಅದು ದುಡಿಯುವ ಹೆಂಗಸರ ನಡುವೆಯೇ ಪ್ರದರ್ಶನವಾಗಿ ಚರ್ಚೆಗೆ ವಸ್ತುವಾಯಿತು.

ಬೆಂಗಳೂರಿಗೆ ಬಂದರೆ, ಸುರಭಿ ಶರ್ಮಾ ಅವರ 'ಅಬೋವ್ ದ ಡಿನ್ ಆಫ್ ಸೋಯಿಂಗ್ ಮಷೀನ್ಸ್' (2004) ಇಲ್ಲಿನ ಗಾರ್ಮೆಂಟ್ಸ್ ಹೆಣ್ಣುಮಕ್ಕಳ ಬದುಕನ್ನು ಕುರಿತದ್ದು. ಹೊಲಿಗೆ ಯಂತ್ರಗಳ ಸದ್ದನ್ನು ಮೀರಿ ಅವರ ದನಿ ಕೇಳಿಸಬೇಕು ಎನ್ನುವುದು ಹೆಸರಿನಲ್ಲೇ ಇದೆ. 2016ರಲ್ಲಿ ಬೀದಿಯಲ್ಲಿ ಕೇಳಿದ ದನಿಯನ್ನು ಹನ್ನೆರಡು ವರ್ಷ ಮೊದಲೇ ಒಬ್ಬರು ಕೂತು ಕೇಳಿಸಿಕೊಂಡಿದ್ದರು. ಉಷಾ ರಾವ್ ಮತ್ತು ಗೌತಮ್ ಸೊಂಟಿ ಅವರ 'ಅವರ್ ಮೆಟ್ರೊಪೊಲಿಸ್' (2014) ಬೆಂಗಳೂರು 'ವಿಶ್ವದರ್ಜೆ' ಆಗಲು ಹೊರಟಾಗ ಯಾರ ಮನೆ, ಯಾರ ಬೀದಿ ಹೋಯಿತು ಎನ್ನುವುದನ್ನು ಹಲವು ವರ್ಷ ಹಿಂಬಾಲಿಸಿ ತೋರಿಸಿದ ಚಿತ್ರ. ಮೆಟ್ರೊ ಮಾದಾವರ ತಲುಪಿರುವ ಈಗ ಅದನ್ನು ಈ ಕಡೆಯವರು ನೋಡಬೇಕು.

ಮಾದನಾಯಕನಹಳ್ಳಿಯಲ್ಲಿ ಕ್ಯಾಮೆರಾ ಎಲ್ಲಿಡ್ತೀರಿ?

ನಿಮ್ಮಲ್ಲಿ ಯಾರಾದರೂ ನಾಳೆಯೇ ಇಲ್ಲಿ ಚಿತ್ರ ಶುರು ಮಾಡ್ತೀರಿ ಅಂದುಕೊಳ್ಳೋಣ. ಮೊದಲ ಅಡ್ಡಿ ಫ್ಯಾಕ್ಟರಿ ಗೇಟು. ಒಳಗೆ ಬಿಡೋದಿಲ್ಲ. ಬಿಟ್ಟರೂ ಮ್ಯಾನೇಜರ್ ಪಕ್ಕದಲ್ಲೇ ನಿಂತಿರುತ್ತಾರೆ. ಆದ್ದರಿಂದ ಕಥೆಯನ್ನು ಗೇಟಿನ ಹೊರಗೆ ಹುಡುಕಬೇಕು: ಸಾಲು ರೂಮುಗಳ ವಠಾರದಲ್ಲಿ, ಕಂಪನಿ ಬಸ್ಸಿನ ಕಿಟಕಿ ಸೀಟಿನಲ್ಲಿ, ಭಾನುವಾರದ ಚಿಕನ್ ಅಂಗಡಿ ಮುಂದೆ, ರೀಚಾರ್ಜ್ ಅಂಗಡಿಯಲ್ಲಿ. ಹೆದ್ದಾರಿ ದಾಟಲು ಅವರು ದಿನಾ ಎಷ್ಟು ಹೊತ್ತು ಕಾಯುತ್ತಾರೆ ಅನ್ನೋದೂ ಒಂದು ದೃಶ್ಯವೇ.

ಎರಡನೆಯದು ಒಪ್ಪಿಗೆ. ಇದೇ ಎಲ್ಲಕ್ಕಿಂತ ಕಷ್ಟದ್ದು. ಒಂದು ಕಾಗದಕ್ಕೆ ಸಹಿ ಹಾಕಿಸಿಕೊಂಡರೆ ಕಾನೂನಿನ ಕೆಲಸ ಮುಗಿಯಬಹುದು, ಆದರೆ ಸಹಿ ಹಾಕಿದವರಿಗೆ ತಾವು ಯಾವುದಕ್ಕೆ ಒಪ್ಪಿದೆವು ಅಂತ ಗೊತ್ತಿರಬೇಕಲ್ವಾ? ಸೂಪರ್‌ವೈಸರ್ ಬೈದದ್ದನ್ನು ರಾತ್ರಿ ಮನೆಯಲ್ಲಿ ಹೇಳಿಕೊಂಡ ಹುಡುಗಿಯ ಕ್ಲಿಪ್ ಯೂಟ್ಯೂಬಿಗೆ ಬಂದು, ಅದೇ ಸೂಪರ್‌ವೈಸರ್ ಫೋನಿಗೆ ತಲುಪಿದರೆ? ಚಿತ್ರೋತ್ಸವದಲ್ಲಿ ಚಪ್ಪಾಳೆ ನಿಮಗೆ, ಗೇಟ್ ಪಾಸ್ ರದ್ದು ಅವಳಿಗೆ. ಗುತ್ತಿಗೆ ಕಾರ್ಮಿಕರನ್ನು ಕೆಲಸದಿಂದ ತೆಗೆಯಲು ನೋಟಿಸೂ ಬೇಕಾಗೋದಿಲ್ಲ, ನಾಳೆಯಿಂದ ಬರಬೇಡ ಅಂದರೆ ಮುಗೀತು.

ವೈಸ್‌ಮನ್ ಅವರ 'ಟಿಟಿಕಟ್ ಫಾಲೀಸ್' (1967) ಇದೇ ಪ್ರಶ್ನೆಯನ್ನು ಎದುರಿಸಿದ ಚಿತ್ರ. ಮಾನಸಿಕ ಅಸ್ವಸ್ಥ ಕೈದಿಗಳನ್ನು ಇಟ್ಟಿದ್ದ ಮ್ಯಾಸಚೂಸೆಟ್ಸ್‌ನ ಒಂದು ಸಂಸ್ಥೆಯಲ್ಲಿನ ಕ್ರೌರ್ಯವನ್ನು ಅದು ತೋರಿಸಿತು. ಕೈದಿಗಳ ಖಾಸಗಿತನದ ಕಾರಣ ಕೊಟ್ಟು ನ್ಯಾಯಾಲಯ ಸಾರ್ವಜನಿಕ ಪ್ರದರ್ಶನ ತಡೆಯಿತು. 1991ರವರೆಗೂ ಆ ನಿರ್ಬಂಧ ಇತ್ತು. ಖಾಸಗಿತನದ ಹೆಸರಲ್ಲಿ ಸರ್ಕಾರ ತನ್ನ ಮಾನ ಉಳಿಸಿಕೊಂಡಿತು ಅನ್ನೋದು ನಿರ್ದೇಶಕರ ವಾದ. ಅದರಲ್ಲಿ ಹುರುಳಿದೆ. ಆದರೆ ಬೆತ್ತಲೆ ನಿಲ್ಲಿಸಲ್ಪಟ್ಟ ಆ ಕೈದಿಗಳನ್ನು ಸರಿಯಾಗಿ ಕೇಳಿದವರು ಯಾರು ಅನ್ನೋದೂ ನ್ಯಾಯವಾದ ಪ್ರಶ್ನೆಯೇ.

ಹಾಗಾಗಿ ಒಪ್ಪಿಗೆಯನ್ನು ಒಂದು ಸಲ ಪಡೆದರೆ ಸಾಲದು. ಚಿತ್ರೀಕರಣಕ್ಕೆ ಮುಂಚೆ ಕೇಳಬೇಕು, ಎಡಿಟ್ ಆದ ಮೇಲೆ ತೋರಿಸಿ ಮತ್ತೆ ಕೇಳಬೇಕು. 'ಈ ಭಾಗ ಬೇಡ' ಅಂದರೆ ಎಷ್ಟೇ ಒಳ್ಳೆಯ ದೃಶ್ಯವಾದರೂ ತೆಗೆಯಬೇಕು. ಜಾನ್ ರೂಶ್ ಮತ್ತು ಎಡ್ಗರ್ ಮೊರಾನ್ 1961ರಲ್ಲೇ ತಮ್ಮ 'ಕ್ರಾನಿಕಲ್ ಆಫ್ ಎ ಸಮ್ಮರ್' ಚಿತ್ರವನ್ನು ಅದರಲ್ಲಿದ್ದವರಿಗೇ ತೋರಿಸಿ, ಅವರ ಟೀಕೆಯನ್ನೂ ಚಿತ್ರದೊಳಗೆ ಸೇರಿಸಿದರು. ಫೋನಿನಲ್ಲೇ ಕ್ಲಿಪ್ ಕಳಿಸಬಹುದಾದ ಇವತ್ತು 'ತೋರಿಸಲು ಆಗಲಿಲ್ಲ' ಅನ್ನುವ ನೆಪಕ್ಕೆ ಜಾಗವಿಲ್ಲ.

'ನಾನು ಬರೀ ನೋಡಿದೆ' ಅನ್ನೋದು ಎಷ್ಟು ನಿಜ?

ಪೂರ್ತಿ ನಿಜ ಅಲ್ಲ. ನೂರು ಗಂಟೆ ಚಿತ್ರೀಕರಿಸಿ ತೊಂಬತ್ತು ನಿಮಿಷ ಉಳಿಸಿಕೊಂಡವರು ತೊಂಬತ್ತೆಂಟು ಗಂಟೆಗೂ ಹೆಚ್ಚನ್ನು ಬಿಸಾಕಿರುತ್ತಾರೆ. ಆ ಆಯ್ಕೆಯಲ್ಲಿ ಅಭಿಪ್ರಾಯವಿದೆ, ರಾಜಕಾರಣವಿದೆ. ನಿರೂಪಣೆ ಇಲ್ಲದ ಚಿತ್ರದಲ್ಲಿ ಅದು ಇನ್ನೂ ಸುಲಭವಾಗಿ ಅಡಗಿಕೊಳ್ಳುತ್ತೆ.

ಇನ್ನೊಂದು, ಮೂರು ವರ್ಷ ಸಂಬಳವಿಲ್ಲದೆ ಒಬ್ಬರ ಬದುಕನ್ನು ಗಮನಿಸುತ್ತಾ ಕೂರುವ ಪುರುಸೊತ್ತು ಯಾರಿಗಿದೆ? ಮನೆಯಲ್ಲಿ ಅನುಕೂಲ ಇರುವವರಿಗೆ. ಹೀಗಾಗಿ ಹೆಚ್ಚಿನ ಸಲ ನೋಡುವವರು ಒಂದು ಜಾತಿ-ವರ್ಗದವರು, ನೋಡಿಸಿಕೊಳ್ಳುವವರು ಇನ್ನೊಂದು. 'ಅಕ್ಕ', 'ಅಣ್ಣ' ಅಂತ ಕರೆದರೆ ಈ ಅಂತರ ಅಳಿಸಿ ಹೋಗೋದಿಲ್ಲ. ಇತ್ತ ವಠಾರದ ಹುಡುಗಿ ತಾನೇ ತನ್ನ ಫೋನಿನಲ್ಲಿ ರೀಲ್ಸ್ ಮಾಡ್ತಾಳೆ. ಅದರಲ್ಲಿ ಅವಳು ಕಾರ್ಮಿಕಳಾಗಿ ಕಾಣಲು ಬಯಸೋದಿಲ್ಲ, ಚೆಂದದ ಸೀರೆ ಉಟ್ಟು ಕುಣಿಯುತ್ತಾಳೆ. ಅವಳ ಬಗ್ಗೆ ಚಿತ್ರ ಮಾಡುವವರು ಅವಳು ತನ್ನನ್ನು ತಾನು ಹೇಗೆ ನೋಡಿಕೊಳ್ಳುತ್ತಾಳೆ ಅನ್ನೋದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಅವಳ ಕೈಗೇ ಎಡಿಟಿಂಗ್ ಕಲಿಸುವುದು ಇನ್ನೂ ಒಳ್ಳೆಯದು.

ಕೊನೆಯ ಅಡ್ಡಿ ಪ್ರದರ್ಶನ. 1952ರ ಸಿನಿಮಾಟೋಗ್ರಾಫ್ ಕಾಯ್ದೆ ಪ್ರಕಾರ ಸಾರ್ವಜನಿಕ ಪ್ರದರ್ಶನಕ್ಕೆ ಸೆನ್ಸಾರ್ ಪ್ರಮಾಣಪತ್ರ ಬೇಕು. ಚಿತ್ರೋತ್ಸವಗಳಿಗೆ ಕೇಂದ್ರ ವಾರ್ತಾ ಸಚಿವಾಲಯದ ವಿನಾಯಿತಿ ಬೇಕು. ಕೇಸರಿ ಹರವೂ ಅವರು ದೆಹಲಿ ಗಡಿಯ ರೈತ ಹೋರಾಟದ ಬಗ್ಗೆ ಮಾಡಿದ 'ಕಿಸಾನ್ ಸತ್ಯಾಗ್ರಹ' 2024ರ ಬೆಂಗಳೂರು ಅಂತರರಾಷ್ಟ್ರೀಯ ಚಿತ್ರೋತ್ಸವಕ್ಕೆ ಆಯ್ಕೆಯಾಗಿಯೂ ಆ ಅನುಮತಿ ಸಿಗದೆ ಪ್ರದರ್ಶನವಾಗಲಿಲ್ಲ. ಸುಮ್ಮನೆ ನೋಡಿ ದಾಖಲಿಸುವುದು ನಿರುಪದ್ರವಿ ಕೆಲಸ ಅಂತ ಸರ್ಕಾರವೂ ಭಾವಿಸಿಲ್ಲ.

ಹಾಗಾದರೆ ಏನು ಪ್ರಯೋಜನ?

ಒಂದು ಚಿತ್ರದಿಂದ ಸಂಬಳ ಹೆಚ್ಚಾಗೋದಿಲ್ಲ. 2016ರಲ್ಲಿ ಪಿಎಫ್ ನಿಯಮ ಬದಲಿಸಿದ್ದು ಸಿನಿಮಾ ಅಲ್ಲ, ರಸ್ತೆಗೆ ಬಂದ ಹೆಂಗಸರು. ಆದರೆ ಆ ಹೋರಾಟ ಇವತ್ತು ಎಷ್ಟು ಜನರ ನೆನಪಲ್ಲಿದೆ? ಇರುವವರ ನೆನಪಲ್ಲೂ ಉಳಿದದ್ದು ಸುಟ್ಟ ಬಸ್ಸೇ ಹೊರತು ಗೆದ್ದ ಬೇಡಿಕೆ ಅಲ್ಲ. ನಿಪ್ಪಾಣಿಯ ಹೆಂಗಸರ ಮಾತನ್ನು ನಲವತ್ತು ವರ್ಷದ ನಂತರವೂ ನಾವು ಕೇಳಬಹುದು, ಯಾಕಂದ್ರೆ ಯಾರೋ ನಾಲ್ಕು ಜನ ಅಲ್ಲಿ ಹೋಗಿ ಉಳಿದರು. 2023ರಲ್ಲಿ ಕರ್ನಾಟಕ ಸರ್ಕಾರ ಕಾರ್ಖಾನೆ ಕಾಯ್ದೆ ತಿದ್ದುಪಡಿ ಮಾಡಿ ದಿನಕ್ಕೆ ಹನ್ನೆರಡು ಗಂಟೆಯವರೆಗಿನ ಪಾಳಿಗೂ, ಹೆಣ್ಣುಮಕ್ಕಳ ರಾತ್ರಿ ಪಾಳಿಗೂ ದಾರಿ ಮಾಡಿತು. ವಿಧಾನಸಭೆಯಲ್ಲಿ ಏನು ನಡೆಯಿತು ಅನ್ನೋದಕ್ಕೆ ದಾಖಲೆ ಇದೆ. ಹನ್ನೆರಡು ಗಂಟೆ ನಿಂತು ಬಂದವರ ಮನೆಯ ರಾತ್ರಿ ಹೇಗಿರುತ್ತೆ ಅನ್ನೋದಕ್ಕೆ ದಾಖಲೆ ಎಲ್ಲಿದೆ?

ಮುಂದಿನ ಸಲ ಇಂಥದ್ದೊಂದು ಸಾಕ್ಷ್ಯಚಿತ್ರ ನೋಡುವಾಗ ಮೂರು ಪ್ರಶ್ನೆ ಕೇಳಿಕೊಳ್ಳಿ. ಇದರಲ್ಲಿರುವವರು ಇದನ್ನು ನೋಡಿದ್ದಾರಾ? ಅವರು ನಿರ್ದೇಶಕರನ್ನು ತಿರುಗಿ ಪ್ರಶ್ನಿಸಲು ಚಿತ್ರದಲ್ಲಿ ಜಾಗ ಇದೆಯಾ? ಚಿತ್ರ ಮುಗಿದ ಮೇಲೆ ಅವರ ಹೆಸರು ನಮಗೆ ನೆನಪಿರುತ್ತಾ, ಅಥವಾ ಬರೀ ಅವರ ಕಷ್ಟವಾ?

ಚಿತ್ರ ಮಾಡಲು ಹೊರಟವರಾದರೆ, ಮೊದಲ ವಾರ ಕ್ಯಾಮೆರಾ ಮನೆಯಲ್ಲೇ ಬಿಟ್ಟು ಹೋಗಿ. ಸರ್ವೀಸ್ ರಸ್ತೆಯ ಟೀ ಅಂಗಡಿಯಲ್ಲಿ ಶಿಫ್ಟ್ ಬಿಡುವ ಹೊತ್ತಿಗೆ ಕೂತುಕೊಳ್ಳಿ. 'ಯಾರು ನೀವು, ಇಲ್ಯಾಕೆ ಬಂದ್ರಿ?' ಅಂತ ಯಾರಾದರೂ ಕೇಳೇ ಕೇಳ್ತಾರೆ. ಅವರಿಗೆ ನೇರವಾಗಿ ಹೇಳಬಹುದಾದ ಉತ್ತರ ನಿಮ್ಮಲ್ಲಿ ಇದ್ದರೆ, ಎರಡನೇ ವಾರ ಕ್ಯಾಮೆರಾ ತನ್ನಿ.